ಪಟದಲ್ಲಿ ಅವರು ಎತ್ತ ನೋಡ್ತಿದ್ದಾರೆ?

ನಮ್ಮಕ್ಕನಿಗೆ ನೆಟ್ಟಗಿರುವ ಮನುಷ್ಯರು ಹಿಡಿಸುವುದಿಲ್ಲ. ಇದನ್ನು ಬೈಗುಳವಾಗಿ ಹೇಳುತ್ತಿಲ್ಲ, ಹೊಗಳಿಕೆಯಂತೂ ಅಲ್ಲವೇ ಅಲ್ಲ. ಮದುಮಗಳು ಸಿಂಗಾರ ಮಾಡಿಕೊಂಡು ಸ್ಟುಡಿಯೋದಲ್ಲಿ ಕಾಯುತ್ತಿದ್ದರೆ ಇವಳು ಹಿಂಬಾಗಿಲಿನಿಂದ ಹೊರಗೆ ಹೋಗಿ ಚರಂಡಿ ಬಳಿಯುವವನ ಜೊತೆ ಮಾತಿಗೆ ನಿಂತಿರುತ್ತಾಳೆ. ಜೈಲಿನಿಂದ ಬಿಡುಗಡೆಯಾದವರು, ಶವಾಗಾರದಲ್ಲಿ ಹೆಣ ತೊಳೆಯುವವನು, ಬಸ್ ನಿಲ್ದಾಣದಲ್ಲಿ ತನ್ನ ಜೊತೆ ತಾನೇ ವಾದ ಮಾಡುವ ಮುದುಕಿ, ಇಂಥವರನ್ನೆಲ್ಲ ಕರೆತಂದು ಕೂರಿಸಿ ಪಟ ತೆಗೆಯುವುದೆಂದರೆ ಅವಳಿಗೆ ಪ್ರಾಣ. ಪಾಸ್‌ಪೋರ್ಟ್ ಫೋಟೋ, ಮಕ್ಕಳ ಹುಟ್ಟುಹಬ್ಬದ ಫೋಟೋ ತೆಗೆದು ಅಂಗಡಿ ನಡೆಸುವವಳು ನಾನು. ಟಚಪ್ ಮಾಡುವವಳೂ ನಾನೇ. ಸಣ್ಣ ಕುಂಚ ಹಿಡಿದು ಮೊಡವೆ ಅಳಿಸುತ್ತೇನೆ, ಇಳಿದ ಕೆನ್ನೆ ಎತ್ತುತ್ತೇನೆ, ಸತ್ತ ಕಣ್ಣಿಗೆ ಒಂದು ಬಿಳಿ ಚುಕ್ಕಿ ಇಟ್ಟು ಜೀವ ಬರಿಸುತ್ತೇನೆ. ಇಷ್ಟು ವರ್ಷ ಜನರ ಮುಖದ ಸುಳ್ಳನ್ನು ಕೈಯಾರೆ ಬರೆದಿರುವುದರಿಂದ ಯಾರ ಮುಖವನ್ನೂ ಸುಲಭಕ್ಕೆ ನಂಬುವವಳಲ್ಲ.

ಅಕ್ಕ ಕರೆತಂದವರು ಹೋದ ಮೇಲೆ ನಾನು ಚಮಚ ಎಣಿಸುತ್ತೇನೆ ಎಂದು ಅವಳ ದೂರು. ಎಣಿಸುತ್ತೇನೆ, ಅದರಲ್ಲೇನು? ಚಮಚ ಕಡಿಮೆ ಬಿದ್ದದ್ದು ಒಂದೇ ಸಲ. ಅದನ್ನು ಒಯ್ದವಳು ಅಕ್ಕನೇ, ಡಾರ್ಕ್ ರೂಮಿನಲ್ಲಿ ಪಟ ತೊಳೆಯುವ ಔಷಧಿ ಕಲಕುವುದಕ್ಕೆ.

ಬೆತ್ತದ ಕುರ್ಚಿ ಹೆಣೆಯುವ ಗಂಡ ಹೆಂಡತಿ ಬಂದಾಗಲೂ ನಾನು ಕೈಕಟ್ಟಿಕೊಂಡು ಬಾಗಿಲ ಬಳಿ ನಿಂತಿದ್ದೆ. ಇಬ್ಬರಿಗೂ ಕಣ್ಣು ಕಾಣುವುದಿಲ್ಲ. ಅವಳಿಗೆ ಹುಟ್ಟಿನಿಂದಲೇ, ಅವನಿಗೆ ಮೀಸೆ ಬರುವ ವಯಸ್ಸಿನಲ್ಲಿ ಏನೋ ರೋಗ ಬಂದು ದೃಷ್ಟಿ ಹೋಯಿತಂತೆ. ಕುರುಡರಿಗೆ ಕೆಲಸ ಕಲಿಸುವ ಶೆಡ್ಡೊಂದರಲ್ಲಿ ಪರಿಚಯವಾಗಿ ಮದುವೆಯಾದವರು. ಅವಳು ಬೆನ್ನು ನೇರ ಮಾಡಿಕೊಂಡು, ಯಾರಿಗೂ ಹೆದರಬೇಕಾಗಿಲ್ಲ ಎನ್ನುವ ಹಾಗೆ ನಡೆಯುತ್ತಿದ್ದಳು. ಅವನು ಅವಳ ಹಿಂದೆ, ಅವಳ ಭುಜದ ಮೇಲೆ ಕೈಯಿಟ್ಟು ಬಂದ. ನೆಲದಲ್ಲಿ ದೀಪದ ವೈರು ಅಡ್ಡ ಬಿದ್ದಿತ್ತು. ಅವಳ ಕೋಲು ಅದಕ್ಕೆ ಸಿಕ್ಕಿ, ಕಾಲು ಎಡವಿತು, ಅಕ್ಕ ಓಡಿಬಂದು ಹಿಡಿದುಕೊಂಡಳು. ಆ ಗಡಿಬಿಡಿಯಲ್ಲಿ ಅವನು ವೈರನ್ನು ದಾಟಿದ. ಎಡವಲಿಲ್ಲ, ತುಳಿಯಲಿಲ್ಲ, ಪಾದವನ್ನು ಬೇಕಾದಷ್ಟೇ ಎತ್ತಿ ಆಚೆ ಇಟ್ಟ.

ಅಕ್ಕನಿಗೆ ಹೇಳೋಣವೆಂದು ತಿರುಗಿದೆ. ಅವಳಾಗಲೇ ಕ್ಯಾಮೆರಾದ ಕಪ್ಪು ಬಟ್ಟೆಯೊಳಗೆ ತಲೆ ತೂರಿಸಿದ್ದಳು. ಅವಳ ಕ್ಯಾಮೆರಾ ಹಳೆಯ ಮರದ ಪೆಟ್ಟಿಗೆ, ಅದರ ಗಾಜಿನಲ್ಲಿ ಎದುರಿನವರು ತಲೆಕೆಳಗಾಗಿ ಕಾಣುತ್ತಾರೆ. ಜನರನ್ನು ತಲೆಕೆಳಗಾಗಿ ನೋಡಿದರೇ ಅವಳಿಗೆ ಸಮಾಧಾನ.

ಪಟಗಳು ಒಣಗಿದ ಮೇಲೆ ಭೂತಗನ್ನಡಿ ಹಿಡಿದು ಕೂತೆ. ಅಕ್ಕ ನಾಲ್ಕೈದು ತೆಗೆದಿದ್ದಳು. ಒಂದರಲ್ಲಿ ಹೆಂಡತಿ ತಲೆ ಬಗ್ಗಿಸಿದ್ದಾಳೆ, ಇನ್ನೊಂದರಲ್ಲಿ ಕೂದಲು ಹಿಂದಕ್ಕೆ ತಳ್ಳಿಕೊಳ್ಳುತ್ತಿದ್ದಾಳೆ, ಮತ್ತೊಂದರಲ್ಲಿ ಏನೋ ನೆನೆದು ನಗುತ್ತಿದ್ದಾಳೆ. ಅವಳ ಮುಖ ಎಲ್ಲಿ ಹೋಗಿದೆಯೋ ಅವನ ಬಲಗಣ್ಣಿನ ಗುಡ್ಡೆಯೂ ಅಲ್ಲಿಗೇ ಹೋಗಿತ್ತು. ಕಡೆಯ ಪಟದಲ್ಲಿ ಅವನು ಅವಳನ್ನು ನೋಡುತ್ತಿದ್ದ ರೀತಿಗೆ ನನಗೇ ನಾಚಿಕೆಯಾಗಿ ಭೂತಗನ್ನಡಿ ಕೆಳಗಿಟ್ಟೆ.

"ಇವನಿಗೆ ಕಣ್ಣು ಕಾಣುತ್ತೆ" ಎಂದೆ.

"ಗೊತ್ತು" ಎಂದಳು ಅಕ್ಕ, ಕೈ ಒರೆಸಿಕೊಳ್ಳುತ್ತಾ.

"ಗೊತ್ತು? ಗೊತ್ತಿದ್ದೂ ಬಾಯಿಗೆ ಬೀಗ ಹಾಕ್ಕೊಂಡು ಕೂತಿದ್ದೀಯಾ? ಊರವರ ಕಣ್ಣಿಗೆ ಮಣ್ಣೆರಚಿಕೊಂಡು ತಿರುಗೋ ಕಳ್ಳನನ್ನ ನಿನ್ನ ಪಟಗಳ ಪ್ರದರ್ಶನದಲ್ಲಿ ಬಾಗಿಲಿನ ಎದುರೇ ತೂಗುಹಾಕ್ತೀಯಾ?"

"ಅವನು ಏನು ಕದ್ದ, ಹೇಳು."

ಮನಸ್ಸಿನಲ್ಲೇ ಲೆಕ್ಕ ಹಾಕಿದೆ. ಅವನು ಬೀದಿಯಲ್ಲಿ ಕೈಯೊಡ್ಡುವವನಲ್ಲ, ಹೆಣೆದು ತಿನ್ನುವವನು. ಕುರ್ಚಿಯ ಕೆಲಸವನ್ನು ಯಾರೂ ಕನಿಕರಕ್ಕೆ ಕೊಡುವುದಿಲ್ಲ. ಅದೇ ನನಗೆ ಹೆಚ್ಚು ಅನುಮಾನ ತಂದದ್ದು. ಲಾಭವಿಲ್ಲದೆ ಯಾರು ನಾಟಕ ಆಡುತ್ತಾರೆ? ಏನೋ ದೊಡ್ಡದೇ ಇರಬೇಕು.

"ಎಲ್ಲರ ಮೇಲೂ ನಿನಗೆ ಅನುಮಾನ" ಎಂದಳು ಅಕ್ಕ.

"ಯಾರ ಮೇಲೂ ಇಲ್ಲದೇ ಇರೋದಕ್ಕೇ ನಿನ್ನ ಸಂಸಾರ ನಿನ್ನ ಕ್ಯಾಮೆರಾದಲ್ಲಿ ಕಾಣೋ ಹಾಗೆ ತಲೆಕೆಳಗಾಗಿದ್ದು" ಎಂದೆ. ಅವಳು ನಕ್ಕಳು. ನನಗೂ ಸ್ವಲ್ಪ ನಗು ಬಂತು, ಆದರೆ ತಲೆಯೊಳಗಿನ ಹುಳ ಸುಮ್ಮನಾಗಲಿಲ್ಲ.

ಮಾರನೆಯ ದಿನ ಅಂಗಡಿಯ ಹರಿದ ಕುರ್ಚಿಯೊಂದನ್ನು ಎತ್ತಿಕೊಂಡು ಅವರು ಈಗಲೂ ಕೆಲಸ ಮಾಡುವ ಆ ಶೆಡ್ಡಿಗೆ ಹೋದೆ. ರಿಪೇರಿ ಬರೀ ನೆಪ. ಅವರು ಒಂದು ಕುರ್ಚಿಯ ಚೌಕಟ್ಟನ್ನು ಎತ್ತರದ ಸ್ಟ್ಯಾಂಡಿಗೆ ಕಟ್ಟಿ ಹೆಣೆಯುತ್ತಿದ್ದರು. ಮೇಲಿನಿಂದ ಅವಳು ಬೆತ್ತದ ಎಳೆಯನ್ನು ತೂತಿಗೆ ಇಳಿಸುತ್ತಾಳೆ, ಅವನು ಕೆಳಗೆ ಕೂತು ಅದನ್ನು ಎಳೆದು ಪಕ್ಕದ ತೂತಿನಿಂದ ಮೇಲಕ್ಕೆ ಕಳಿಸುತ್ತಾನೆ. ನಾನು ಚಪ್ಪಲಿ ಬಿಟ್ಟು ಸದ್ದಿಲ್ಲದೆ ಒಳಗೆ ಹೋದರೂ ಅವಳು ತಟ್ಟನೆ ತಲೆಯೆತ್ತಿ "ಯಾರು?" ಎಂದಳು. ಅವನು ಮಾತ್ರ ಅಲ್ಲಾಡಲಿಲ್ಲ. ಕುರುಡನಿಗೆ ಕೇಳಿಸಲೇಬೇಕಾದದ್ದು ಇವನಿಗೆ ಕೇಳಿಸಲಿಲ್ಲವೆಂದರೆ ಏನರ್ಥ? ನಾನು ಅವನ ಎದುರಿಗೆ ಹೋಗಿ ನಿಂತು, ಈ ವಯಸ್ಸಿನಲ್ಲಿ ಮಾಡಬಾರದ ಕೆಲಸ ಮಾಡಿದೆ. ಕಣ್ಣು ಮೇಲೆ ಮಾಡಿ, ಮೂಗು ಹಿಂಡಿಕೊಂಡು, ನಾಲಿಗೆ ಚಾಚಿದೆ.

ಅವನು ತಡೆದುಕೊಳ್ಳಲು ಬಹಳ ನೋಡಿದ. ಆದರೂ ತುಟಿಯ ಮೂಲೆ ಅಲುಗಿತು.

ಸಿಕ್ಕಿಬಿದ್ದ ಎಂದುಕೊಂಡೆ. "ಫೋಟೋ ಸ್ಟುಡಿಯೋದವಳು, ಕುರ್ಚಿ ತಂದಿದ್ದೀನಿ" ಎಂದು ಅವಳಿಗೆ ಹೇಳಿ, ಅಲ್ಲಿಟ್ಟು ಬಂದೆ. ಗೆದ್ದವಳಂತೆ ನಡೆದೆ, ಆದರೆ ಏನು ಗೆದ್ದೆನೋ ಗೊತ್ತಾಗಲಿಲ್ಲ.

ಸಂಜೆ ಅವನು ಒಬ್ಬನೇ ಬಂದ. ಬೀದಿಯ ತಿರುವಿನವರೆಗೆ ಕೋಲು ಕುಟ್ಟಿಕೊಂಡು ಬಂದವನು ಅಂಗಡಿಯೊಳಗೆ ಕಾಲಿಟ್ಟ ಮೇಲೆ ಅದನ್ನು ಕಂಕುಳಲ್ಲಿ ಇರುಕಿಕೊಂಡು ನನ್ನ ಮುಖವನ್ನೇ ನೋಡಿದ. ಅಷ್ಟೊತ್ತು ಅವನನ್ನು ಹಿಡಿದೆನೆಂಬ ಜಂಬದಲ್ಲಿದ್ದವಳು ಎರಡು ಹೆಜ್ಜೆ ಹಿಂದೆ ಸರಿದೆ.

"ಅಮ್ಮಾ, ಒಂದು ಉಪಕಾರ ಮಾಡಿ. ಆ ಪಟದಲ್ಲಿ ನನ್ನ ಕಣ್ಣು ಕೆಡಿಸಿ."

"ಕಣ್ಣು ಕೆಡಿಸೋದಾ? ಎಲ್ಲರೂ ಸರಿ ಮಾಡಿ ಅಂತ ಬರ್ತಾರೆ."

"ಪಟ ತಿದ್ದೋದು ನೀವೇ ಅಂತ ನಿಮ್ಮಕ್ಕ ಹೇಳಿದ್ರು. ಕುರುಡರ ಕಣ್ಣು ಹೇಗಿರುತ್ತೋ ಹಾಗೆ ಮಾಡಿಬಿಡಿ. ನಾಳೆ ಅವಳನ್ನ ಕರ್ಕೊಂಡು ಬರ್ಬೇಕಂತೆ, ಪಟ ಒಪ್ಕೊಳ್ಳೋದಕ್ಕೆ."

ಅದು ಅಕ್ಕನ ಪದ್ಧತಿ. ಕೂತವರು ಬಂದು ತಮ್ಮ ಪಟ ನೋಡಿ ಒಪ್ಪಬೇಕು, ಆಮೇಲೆಯೇ ಅದು ಗೋಡೆಗೆ ಏರುವುದು. ನೋಡಲಾಗದವರು ಯಾರಿಂದಲಾದರೂ ಕೇಳಿ ತಿಳಿದುಕೊಳ್ಳಬೇಕು.

"ಅವಳು ಕೇಳೇ ಕೇಳ್ತಾಳೆ" ಎಂದ. "ನನಗಿಂತ ಚುರುಕು ಅವಳು."

"ಅವಳಿಗೆ ಗೊತ್ತಿಲ್ವಾ ನಿಮಗೆ ಕಾಣುತ್ತೆ ಅಂತ?" ಎಂದೆ. ಊರಿಗೆ ಮೋಸ ಮಾಡುತ್ತಿದ್ದಾನೆಂದು ನಾನು ತಲೆ ಕೆಡಿಸಿಕೊಂಡಿದ್ದರೆ, ಅವನು ಮೋಸ ಮಾಡುತ್ತಿದ್ದದ್ದು ಒಬ್ಬಳಿಗೇ.

ಅವನು ಸ್ಟೂಲಿನ ಮೇಲೆ ಕೂತ. "ಎರಡು ವರ್ಷದ ಮೇಲಾಯ್ತು. ದೊಡ್ಡಾಸ್ಪತ್ರೇಲಿ ಇಬ್ಬರ ಕಣ್ಣೂ ನೋಡಿದ್ರು. ನನ್ನ ಒಂದು ಕಣ್ಣು ಸರಿಯಾಗ್ಬಹುದು ಅಂದ್ರು, ಅವಳದು ಆಗೋದೇ ಇಲ್ಲ ಅಂದ್ರು. ಆಪರೇಷನ್ ಆಗಿ, ಬ್ಯಾಂಡೇಜ್ ಬಿಚ್ಚಿಸ್ಕೊಂಡು ಮನೆಗೆ ಬಂದೆ. ಅವಳು ಬಾಗಿಲಲ್ಲೇ ನಿಂತಿದ್ಳು. ಮದುವೆಯಾಗಿ ಅಷ್ಟು ವರ್ಷಕ್ಕೆ ಅವಳ ಮುಖ ಮೊದಲ ಸಲ ನೋಡ್ದೆ. 'ಆಯ್ತಾ' ಅಂತ ಕೇಳಿದ್ಳು. ಆ ಮುಖದಲ್ಲಿ ಎಂಥಾ ಹೆದರಿಕೆ ಇತ್ತು ಗೊತ್ತಾ? 'ಇಲ್ಲ' ಅಂದ್ಬಿಟ್ಟೆ. ತಕ್ಷಣ ಮುಖ ಸಡಿಲ ಆಯ್ತು. ನನ್ನನ್ನ ತಬ್ಬಿಕೊಂಡು ಪಾಪ ಪಾಪ ಅಂದ್ಳು. ಆಮೇಲೆ ಹೇಗೆ ಹೇಳ್ಲಿ?"

"ಮಾರನೇ ದಿನ ಹೇಳ್ಬಹುದಿತ್ತು."

"ಅವಳ ಮುಖ ನೋಡ್ಕೊಂಡು ಕೂತರೆ ದಿನ ಹೋಗಿದ್ದೇ ತಿಳೀತಿರ್ಲಿಲ್ಲ." ಅವನು ತಲೆ ತಗ್ಗಿಸಿದ. "ಈಗ ಗೊತ್ತಾದ್ರೆ ಬಿಟ್ಟು ಹೋಗ್ತಾಳೆ. ಶೆಡ್ಡಿನ ಹಾಸ್ಟೆಲ್‌ಗೆ ವಾಪಸ್ ಹೋಗಿ ಆರಾಮಾಗಿ ಇರ್ತಾಳೆ. ಇರಕ್ಕೆ ಆಗದೇ ಇರೋದು ನನಗೆ."

ಆಗಲಿ ಎಂದುಬಿಟ್ಟೆ. ಅಕ್ಕನನ್ನು ಕೇಳಿದರೆ ಒಪ್ಪುವುದಿಲ್ಲ. ಅವಳ ಪಟಗಳಿಗೆ ನನ್ನ ಕುಂಚ ತಾಗಕೂಡದೆಂದು ಮೊದಲಿನಿಂದಲೂ ಕಟ್ಟಪ್ಪಣೆ. ಅವಳು ಡಾರ್ಕ್ ರೂಮಿನಲ್ಲಿದ್ದಾಗ ಒಂದು ಪಟ ತೆಗೆದುಕೊಂಡು ಕೂತೆ. ಕಣ್ಣಿಗೆ ಜೀವ ಬರಿಸುವುದು ಒಂದು ಚುಕ್ಕಿಯ ಕೆಲಸ, ತೆಗೆಯುವುದು ಅಷ್ಟು ಸುಲಭವಲ್ಲ. ಗುಡ್ಡೆಯ ಮೇಲೆ ತೆಳುವಾಗಿ ಬೂದಿ ಬಣ್ಣ ಎಳೆದೆ, ಹೊಳಪನ್ನು ಮುಚ್ಚಿದೆ, ನೋಟವನ್ನು ಅವಳ ಮುಖದಿಂದ ಕಿತ್ತು ಗೋಡೆಯ ಕಡೆಗೆ ತಿರುಗಿಸಿದೆ. ಇಷ್ಟು ಚೆನ್ನಾಗಿ ಯಾವತ್ತೂ ಮಾಡಿರಲಿಲ್ಲ. ಮುಗಿಸಿ ನೋಡಿದರೆ ಕೆಟ್ಟ ಸಂಕಟವಾಯಿತು.

ಮರುದಿನ ಇಬ್ಬರೂ ಬಂದರು. ಅವನು ಬಾಗಿಲ ಬಳಿ ಗೋಡೆಗೆ ಒರಗಿ ನಿಂತ. ಅವಳು ಮೇಜಿನ ಮುಂದೆ ಕೂತು ಎರಡೂ ಕೈ ಚಾಚಿದಳು. ನಾನು ಆ ಪಟವನ್ನು ಕೊಟ್ಟೆ. ಬೆರಳಿನಿಂದ ಅಂಚು ಸವರಿ, ನುಣುಪಾದ ಮೇಲ್ಮೈ ಮುಟ್ಟಿ ನೋಡಿ, "ಇದರಲ್ಲಿ ನಾನು ಯಾವ ಕಡೆ ಇದ್ದೀನಿ?" ಎಂದಳು.

"ಎಡಗಡೆ. ನಗ್ತಿದ್ದೀರ."

"ಇವರು?"

"ಬಲಗಡೆ."

"ಅದಲ್ಲ ಅಮ್ಮಾ. ಪಟದಲ್ಲಿ ಅವರು ಎತ್ತ ನೋಡ್ತಿದ್ದಾರೆ?"

ಕೂತಲ್ಲೇ ಅವನತ್ತ ತಿರುಗಿದೆ. "ಎದುರಿಗೆ" ಎಂದೆ. "ಎಲ್ಲೋ ಗೋಡೆ ಕಡೆಗೆ."

"ನಿಮಗೂ ಹೇಳಿಕೊಟ್ಟಿದ್ದಾರೆ" ಎಂದಳು ಅವಳು, ಪಟವನ್ನು ಮೇಜಿನ ಮೇಲಿಟ್ಟು. "ಉತ್ತರ ಹೇಳೋಕೆ ಮುಂಚೆ ಅವರ ಕಡೆ ತಿರುಗಿದ್ರಿ. ನೀವು ಕೂತಿರೋ ಕುರ್ಚಿ ಕಿರ್ ಅಂತು."

ಡಾರ್ಕ್ ರೂಮಿನ ಬಾಗಿಲು ತೆರೆದು ಅಕ್ಕ ಹೊರಗೆ ಬಂದಳು. ಮೇಜಿನ ಮೇಲಿದ್ದ ಪಟ ನೋಡಿದಳು, ನನ್ನನ್ನು ನೋಡಿದಳು, ಪಟವನ್ನು ಬೋರಲು ಹಾಕಿದಳು. ಬೈದಿದ್ದರೆ ಒಳ್ಳೆಯದಿತ್ತು.

"ನಿಮಗೆ ಗೊತ್ತಿತ್ತಾ?" ಎಂದು ಕೇಳಿದೆ ನಾನು, ಅವಳಿಗೆ.

"ಆಸ್ಪತ್ರೆಯಿಂದ ಬಂದ ವಾರಕ್ಕೇ ಗೊತ್ತಾಯ್ತು. ಹೆಣೆಯೋವಾಗ ಮೊದಲೆಲ್ಲ ಎಳೆ ಬರೋಕೆ ಮುಂಚೆ ಅವರ ಬೆರಳು ಬರ್ತಿತ್ತು. ತೂತು ಎಲ್ಲಿದೆ ಅಂತ ತಡವಿ, ನನ್ನ ಬೆರಳಿಗೆ ತಾಗಿ, ಆಮೇಲೆ ಎಳೆ. ಈಗ ಬರೀ ಎಳೆ ಬರುತ್ತೆ, ನೆಟ್ಟಗೆ. ತೂತು ಕಾಣೋರಿಗೆ ತಡವೋದು ಯಾಕೆ ಬೇಕು?" ಅವಳು ಬಾಗಿಲ ಕಡೆಗೆ ಮುಖ ತಿರುಗಿಸಿದಳು. "ಅಲ್ವೇನ್ರೀ?"

ಅವನು ಗೋಡೆಯನ್ನು ಬಿಟ್ಟು ಎರಡು ಹೆಜ್ಜೆ ಮುಂದೆ ಬಂದ. "ಹೇಳ್ಬೇಕು ಅಂತಾನೇ..."

"ನೀವೇ ಹೇಳ್ಲಿ ಅಂತ ಕಾದೆ. ಇವತ್ತು ಹೇಳ್ತಾರೆ, ನಾಳೆ ಹೇಳ್ತಾರೆ. ಕಣ್ಣು ಬಂದಿದ್ದಕ್ಕೆ ನನಗೆ ಹೊಟ್ಟೆಕಿಚ್ಚು ಅಂದ್ಕೊಂಡ್ರಾ? ಇತ್ತು. ಗೊತ್ತಾದ ದಿನ ಇತ್ತು, ಸುಳ್ಳು ಹೇಳಲ್ಲ. ಆಮೇಲೆ ಇರಲಿಲ್ಲ." ಅವಳ ದನಿ ಏರಿತು. "ನಮ್ಮನೇಲಿ ಯಾರೂ ನೋಡೋರಿಲ್ಲ ಅಂತ ನಾನು ಮುಖ ಹೇಗೆ ಬೇಕೋ ಹಾಗೆ ಬಿಟ್ಕೊಂಡು ಇರ್ತಿದ್ದೆ. ಅಳು ಬಂದ್ರೆ ಸದ್ದಿಲ್ಲದೆ ಅತ್ತರೆ ಸಾಕು ಅನ್ಕೊಂಡಿದ್ದೆ. ಆ ಒಂದು ವಾರ ನನಗೆ ಗೊತ್ತಿಲ್ಲದೆ ಎಷ್ಟು ನೋಡಿದ್ರಿ? ಗೊತ್ತಾದ ಮೇಲೆ ಬಚ್ಚಲು ಮನೇಲಿ ಬಾಗಿಲು ಹಾಕ್ಕೊಂಡು ಅಳೋದು ಕಲಿತೆ. ನನ್ನ ಮನೇಲೇ."

ನನಗೆ ಅಕ್ಕನ ಮುಖ ನೋಡಲು ಧೈರ್ಯವಾಗಲಿಲ್ಲ. ಅಪರಿಚಿತರ ಮುಖಗಳನ್ನು ಇಷ್ಟು ವರ್ಷ ನೋಡುತ್ತಾ ಬಂದವಳು ಅವಳು. ಕೈಯಲ್ಲಿದ್ದ ಒದ್ದೆ ಬಟ್ಟೆಯನ್ನು ಹಿಂಡುತ್ತಲೇ ಇದ್ದಳು, ನೀರು ಅವಳ ಕಾಲಿನ ಮೇಲೆ ಬೀಳುತ್ತಿತ್ತು.

"ಪಟ ಒಪ್ಪಿಗೆ ಇಲ್ಲದಿದ್ರೆ ಹಾಕಲ್ಲಮ್ಮಾ" ಎಂದಳು ಕಡೆಗೆ. "ಫಿಲ್ಮನ್ನೂ ನಿಮ್ಮ ಕೈಗೇ ಕೊಡ್ತೀನಿ."

"ಇನ್ನೊಂದು ತೆಗೀರಿ" ಎಂದಳು ಅವಳು. "ನನ್ನೊಬ್ಬಳದು."

ಅಕ್ಕ ದೀಪಗಳನ್ನು ಹಚ್ಚಿದಳು. ನಾನು ವೈರನ್ನು ಗೋಡೆಯ ಬದಿಗೆ ಸರಿಸಿ, ಅವಳ ಕೈ ಹಿಡಿದು ಕೂರಿಸಿದೆ. ಬಿಚ್ಚಿಹೋಗಿದ್ದ ಅವಳ ಕೂದಲನ್ನು ಸರಿಪಡಿಸಲು ಹೋದರೆ ಬೇಡವೆಂದು ತಲೆಯಾಡಿಸಿದಳು. ಅವನು ಹೊರಗೆ ಹೋಗುವುದೋ ನಿಲ್ಲುವುದೋ ತಿಳಿಯದೆ ಹೊಸ್ತಿಲ ಮೇಲಿದ್ದ. ಅವನನ್ನು ಕಂಡು ನನಗೆ ಸಿಟ್ಟೂ ಬಂತು, ಅಯ್ಯೋ ಎಂದೂ ಅನ್ನಿಸಿತು.

"ರೀ, ಒಳಗೆ ಬನ್ನಿ" ಎಂದಳು ಅವಳು. "ಬಂದು ನನ್ನ ಎದುರಿಗೇ ನಿಂತ್ಕೊಂಡು ನೋಡಿ. ಕದ್ದು ನೋಡಿದ್ದು ಸಾಕು."

ಅವನು ಬಂದ. ಕ್ಯಾಮೆರಾದ ಪಕ್ಕದಲ್ಲಿ, ಅವಳಿಗೆ ನೇರ ಎದುರಾಗಿ ನಿಂತ. ಅಕ್ಕ ಕಪ್ಪು ಬಟ್ಟೆಯೊಳಗೆ ತಲೆ ಹಾಕಿದಳು. ಹೆಂಡತಿ ಕೆನ್ನೆ ಒರೆಸಿಕೊಂಡು, ಕುತ್ತಿಗೆ ನೀಳ ಮಾಡಿ, ಬಾಯಿ ಬಿಗಿಹಿಡಿದು ಕೂತಳು.

"ಅಮ್ಮಾ" ಎಂದು ನನ್ನನ್ನು ಕರೆದಳು. "ನೋಡ್ತಿದ್ದಾರಾ?"

ನಾನು ಅವನತ್ತ ತಿರುಗಿದೆ. ಅವನ ಗಲ್ಲ ಎದೆಗೆ ತಾಗಿತ್ತು.

"ಇಲ್ಲ" ಎಂದೆ. "ನೆಲ ನೋಡ್ತಿದ್ದಾರೆ."

"ಸರಿ" ಎಂದಳು ಅವಳು. "ತಲೆ ಎತ್ತೋವರೆಗೂ ಕೂತಿರ್ತೀನಿ."