ಒಂಬತ್ತನೆಯ ಹಾಡಿಗೆ ಮುಂಚಿನ ಮೌನ

ಎಂಟು ಹಾಡುಗಳ ರೆಕಾರ್ಡಿಂಗ್ ಮುಗಿದಿತ್ತು. ಒಂಬತ್ತನೆಯದರ ಕೊನೆಯ ಕೂಗಿಗೆ ಬಂದಾಗ ಪೂರ್ಣಿಮಾಳ ಗಂಟಲು ಹಳೇ ಬಟ್ಟೆ ಹರಿದ ಹಾಗೆ ಪರ್ ಎಂದಿತು. ಆಮೇಲೆ ಬಂದದ್ದು ಬರೀ ಗಾಳಿ. ಗಾಜಿನ ಆಚೆ ಕೂತಿದ್ದ ಸತೀಶ ಹೆಡ್‌ಫೋನು ತೆಗೆದಿಟ್ಟು ಸುಮ್ಮನಾದ. ಮಾತಿಗೊಂದು ತಮಾಷೆ ಮಾಡುವ ಮನುಷ್ಯ ಹಾಗೆ ಸುಮ್ಮನಾದದ್ದೇ ಅವಳಿಗೆ ಹೆಚ್ಚು ಹೆದರಿಕೆ ಹುಟ್ಟಿಸಿತು.

ಹೆದರಿಕೆಯೇನೂ ಹೊಸದಲ್ಲ. ಒಂಬತ್ತು ವರ್ಷದ ಹಿಂದೆ, ತೊಂಬತ್ತೆಂಟರಲ್ಲಿ, ಪಣಜಿಯ ವೇದಿಕೆಯ ಮೇಲೆ ಇದೇ ಕೂಗು ಎತ್ತುವಾಗ ಬಾಯಿಂದ ರಕ್ತ ಬಂದು ಬಿದ್ದಿದ್ದಳು. ಗೋವಾ, ಮುಂಬೈಗಳಲ್ಲಿ ಜನ ಟಿಕೆಟ್ ತೆಗೆದು ಬರುತ್ತಿದ್ದುದೇ ಆ ಕೂಗಿಗೆ. ಆಪರೇಷನ್ ಆಯಿತು, ಅವಳು ಹಾಡುತ್ತಿದ್ದ ಬ್ಯಾಂಡ್ ಚದುರಿತು, ಪೂರ್ಣಿಮಾ ಕಾರವಾರದ ಹತ್ತಿರದ ಅಮದಳ್ಳಿಗೆ ಅವ್ವನ ಮನೆಗೆ ಬಂದು ಕೂತಳು. ಆಗ ಬ್ಯಾಂಡಿನಲ್ಲಿ ಕೀಬೋರ್ಡ್ ಬಾರಿಸುತ್ತಿದ್ದ ಅಂಕೋಲೆಯ ಸತೀಶನೇ ಈಗ ಅವಳನ್ನು ಮತ್ತೆ ಹಾಡಲು ಎಬ್ಬಿಸಿದ್ದು. ಬಾಳೆಗುಳಿಯ ಹತ್ತಿರ ಬಾಗಿಲು ಹಾಕಿದ್ದ ಒಂದು ಐಸ್ ಫ್ಯಾಕ್ಟರಿಯ ತಂಪು ಕೋಣೆಯನ್ನು ಸ್ಟುಡಿಯೋ ಮಾಡಿಕೊಂಡಿದ್ದ. ಮೊಳ ದಪ್ಪದ ಗೋಡೆ. ಹೊರಗೆ ಅದಿರಿನ ಲಾರಿಗಳು ಸಾಲುಗಟ್ಟಿ ಹೋದರೂ ಒಳಗೆ ಕೇಳದು. ಮುಂಬೈಯ ಕಂಪನಿಯೊಂದು ಆಲ್ಬಂ ತರಲು ಒಪ್ಪಿತ್ತು. ಆದರೆ ಆ ಹಳೆಯ ಕೂಗು ಇರಲೇಬೇಕೆಂದಿತ್ತು.

ಮಂಗಳೂರಿನ ಡಾಕ್ಟರು ಗಂಟಲೊಳಗೆ ದೀಪ ಹಾಕಿ ನೋಡಿ, ಹನ್ನೊಂದು ದಿನ ದನಿ ಎತ್ತಬಾರದು, ಪಿಸುಗುಡಲೂ ಬಾರದು ಎಂದರು. ಹನ್ನೆರಡನೆಯ ದಿನ ಮೆಲ್ಲಗೆ ಪ್ರಯತ್ನ ಮಾಡಿ, ಬಾರದಿದ್ದರೆ ಬಲವಂತ ಬೇಡ, ಹಾಡು ಹಾಗಿರಲಿ, ಮಾತೂ ಹೋದೀತು ಎಂದರು.

ಅವ್ವ ಮಾದೇವಿ ಕಾರವಾರದ ಪೇಟೆಯಲ್ಲಿ ಮೀನು ಮಾರುವವಳು. ಮಗಳು ಯಾಕೆ ಬಾಯಿ ಬಿಡುತ್ತಿಲ್ಲವೆಂದು ಮೊದಲ ದಿನವೇ ಪಕ್ಕದ ಬುಟ್ಟಿಯ ಸುಗಂಧಾ ಕೇಳಿದಳು. ದನಿ ಹೋಗಿದೆ ಎಂದರೆ ಸಂಜೆಯೊಳಗೆ ಸುದ್ದಿ ಮುಂಬೈ ಮುಟ್ಟೀತೆಂದು ಹೆದರಿ, ಬಂಗಡೆ ಎಣಿಸುತ್ತಿದ್ದ ಮಾದೇವಿ ತಲೆ ಎತ್ತದೆ, ದೇವಿಗೆ ಹನ್ನೊಂದು ದಿನದ ಮೌನದ ಹರಕೆ ಹೊತ್ತಿದ್ದಾಳೆ ಎಂದುಬಿಟ್ಟಳು.

ಅಲ್ಲಿಂದ ಶುರುವಾಯಿತು. ನೌಕಾನೆಲೆಗೆ ಜಾಗ ಕೊಟ್ಟು ಅರ್ಗಾದ ಕಡಲದಂಡೆ ಬಿಟ್ಟು ಬಂದ ಮೇಲೆ ಕೇರಿಯಲ್ಲಿ ಯಾರೂ ಮೌನದ ಹರಕೆ ಹೊತ್ತಿರಲಿಲ್ಲ. ಹೆಂಗಸರು ಅಬ್ಬಲಿಗೆ ಹೂವಿನ ದಂಡೆ ತಂದು ಪೂರ್ಣಿಮಾಳ ಮುಡಿಗೆ ಏರಿಸಿದರು. ಕೆಲವರು ಎದುರಿಗೇ ಕೂತು ಗಂಡನ ಮೇಲೆ, ಅತ್ತೆಯ ಮೇಲೆ ಇದ್ದ ದೂರನ್ನೆಲ್ಲ ಹೇಳಿಕೊಂಡು ಹೋದರು. ಇವಳು ಯಾರಿಗೂ ಹೇಳಲಾರಳಲ್ಲ. ಐದನೆಯ ದಿನ ದೇವಿಯ ಪೂಜೆ ಮಾಡುವ ಜಟ್ಟಪ್ಪ ಗುನಗ ಹೇಳಿಕಳಿಸಿದ. ಹರಕೆ ಮುಗಿದ ಮಾರನೆಯ ಬೆಳಿಗ್ಗೆ ಗುಡಿಗೆ ಬರಬೇಕು, ಮೊದಲ ಮಾತು ದೇವಿಯ ಹೆಸರಾಗಿರಬೇಕು, ಅದೂ ಕೂಡಿದವರಿಗೆಲ್ಲ ಕೇಳುವ ಹಾಗೆ.

ಪೂರ್ಣಿಮಾಳಿಗೆ ಅಂದಿನಿಂದ ಅನ್ನ ಸೇರಲಿಲ್ಲ. ಸತೀಶನ ಸ್ಟುಡಿಯೋದಲ್ಲಿ, ಒಬ್ಬಳೇ, ಬಾಗಿಲು ಹಾಕಿಕೊಂಡು ನೋಡಬೇಕಾಗಿದ್ದದ್ದು ಈಗ ಊರಿನ ಎದುರು. ದನಿ ಇದೆಯೋ ಇಲ್ಲವೋ ಅವಳಿಗೇ ತಿಳಿಯದು. ಕೆಮ್ಮು ಬಂದರೆ ಸೆರಗು ಕಚ್ಚಿ ಹಿಡಿಯುತ್ತಿದ್ದಳು. ಕನಸಿನಲ್ಲಿ ಮಾತಾಡಿದೆನೇನೋ ಎಂದು ಬೆಚ್ಚಿ ಏಳುತ್ತಿದ್ದಳು. ಗುಡಿಗೆ ಹೋಗುವುದು ಬೇಡವೆಂದು ಸ್ಲೇಟಿನ ಮೇಲೆ ಬರೆದು ತೋರಿಸೋಣವೆಂದರೆ ಮಾದೇವಿಗೆ ಓದು ಬರದು.

ಒಂಬತ್ತನೆಯ ದಿನ ಮಾದೇವಿ ಅಂಗಳದಲ್ಲಿ ತಾರ್ಲೆ ಮೀನು ಸೋಸುತ್ತ ಎಂದಿನಂತೆ ತನ್ನ ಪಾಡಿಗೆ ಮಾತಾಡುತ್ತಿದ್ದಳು. ಪೇಟೆಯ ಜಗಳ, ದೋಣಿಯವರ ಸುದ್ದಿ ಎಲ್ಲ ಮುಗಿದ ಮೇಲೆ ಕೈ ನಿಂತಿತು.

"ನಿಂಗೆ ಈಗ ಮಾತಾಡೂಕೆ ಆಗೂದಿಲ್ಲ, ಅದ್ಕೇ ಹೇಳ್ತೆ ಪೂರ್ಣೀ. ಅವತ್ತು ಪಣಜಿ ಆಸ್ಪತ್ರೇಲಿ ನೀ ಮಲ್ಗಿದ್ದೆ. ನಾ ಹೊರ್ಗೆ ಕೂತ್ಕಂಡು ದೇವೀಗೆ ಎಂತ ಬೇಡ್ಕಂಡೆ ಗೊತ್ತಾ? ಜೀವ ಉಳ್ಸು, ದನಿ ಬೇಕಾರೆ ನೀನೇ ಇಟ್ಕೋ ಅಂದೆ. ದನಿ ಹೋದ್ರೆ ನೀ ಮನೇಲಾದ್ರೂ ಇರ್ತೆ ಅಂದ್ಕಂಡೆ."

ಪೂರ್ಣಿಮಾಳ ಕಿವಿ ಕಾದವು. ಒಂಬತ್ತು ವರ್ಷ ಇದನ್ನು ಹೊಟ್ಟೆಯಲ್ಲಿಟ್ಟುಕೊಂಡು ಇವಳು ತನಗೆ ಗಂಜಿ ಬಡಿಸಿದ್ದಾಳೆ! ಸ್ಲೇಟು ಎಳೆದುಕೊಂಡು, ಕೊಟ್ಟದ್ದನ್ನು ವಾಪಸು ಕೇಳು ಎಂದು ಬಳಪ ಮುರಿಯುವ ಹಾಗೆ ಬರೆದಳು. ಮಾದೇವಿ ಒದ್ದೆ ಕೈಯಲ್ಲೇ ಅದನ್ನು ಹಿಡಿದು ಆಚೆ ಈಚೆ ತಿರುಗಿಸಿ ನೋಡಿದಳು.

"ಅಕ್ಕಿ ಮುಗೀತಾ?"

ಪೂರ್ಣಿಮಾ ಅಂಗೈಯಿಂದ ಅಕ್ಷರ ಒರೆಸಿಬಿಟ್ಟಳು. ಸಿಟ್ಟು ಇಳಿದ ಮೇಲೆ ಉಳಿದದ್ದು ಮೊದಲಿಗಿಂತ ದೊಡ್ಡ ಹೆದರಿಕೆ. ದೇವಿ ಅಂದೇ ಇಟ್ಟುಕೊಂಡಿದ್ದರೆ?

ಹನ್ನೆರಡನೆಯ ಬೆಳಿಗ್ಗೆ ಗುಡಿಯ ಮುಂದೆ ನಲವತ್ತು ಜನ ಕೂಡಿದ್ದರು. ಜಟ್ಟಪ್ಪ ಕಾಯಿ ಒಡೆದು, ಆರತಿ ಎತ್ತಿ, ಪಕ್ಕಕ್ಕೆ ಸರಿದು ನಿಂತ. ಪೂರ್ಣಿಮಾ ಬಾಯಿ ತೆರೆದಳು. ಉಸಿರು ಎದೆಯಿಂದ ಮೇಲೆ ಬಂತು, ಗಂಟಲಲ್ಲಿ ನಿಂತಿತು. ದನಿ ಇಲ್ಲವೋ, ಭಯ ಅದನ್ನು ಅಮುಕಿ ಹಿಡಿದಿದೆಯೋ ಗೊತ್ತಾಗಲಿಲ್ಲ. ತುಸು ಒತ್ತಿದರೆ ತಿಳಿಯುತ್ತಿತ್ತು. ಒತ್ತಲು ಧೈರ್ಯ ಬರಲಿಲ್ಲ. ಹಿಂದೆ ಗುಸುಗುಸು ಎದ್ದಿತು. ಸುಗಂಧಾ ಕುತ್ತಿಗೆ ಚಾಚಿ ನೋಡಿದಳು.

ಆಗ ಮಾದೇವಿ ಮಗಳ ತೋಳು ಹಿಡಿದು ಹಿಂದಕ್ಕೆ ಎಳೆದು, ತಾನು ಮುಂದೆ ನಿಂತಳು.

"ಹರ್ಕೆ ಇಲ್ಲ, ಎಂತದೂ ಇಲ್ಲ. ನಾ ಸುಳ್ಳು ಹೇಳ್ದೆ. ಇದ್ರ ಗಂಟ್ಲು ಹಾಳಾಗ್ಯದೆ. ದನಿ ಉಂಟೋ ಇಲ್ವೋ ಇದ್ಕೂ ಗೊತ್ತಿಲ್ಲ, ನಂಗೂ ಗೊತ್ತಿಲ್ಲ. ಕೇಳೂದಿದ್ರೆ ನನ್ನ ಕೇಳಿ, ಇದ್ನ ಬಿಡಿ."

ಜಟ್ಟಪ್ಪ ಆರತಿ ತಟ್ಟೆ ಕೆಳಗಿಟ್ಟು ಸಾವಕಾಶ ಕೈ ಒರೆಸಿಕೊಂಡ.

"ದೇವಿ ಹೆಸ್ರು ಹೇಳಿ ಆಯ್ತಲ್ಲ ಮಾದೇವಿ. ಸುಳ್ಳಾದ್ರೂ ಹರ್ಕೆ ಹರ್ಕೆಯೇ. ಮಗಳು ಹೊರ್ಲಿಲ್ಲ ಅಂದ್ರೆ ಹೇಳ್ದವ್ಳೇ ಹೊರ್ಬೇಕು. ಹನ್ನೊಂದು ದಿನ. ಈಗಿಂದ್ಲೇ."

"ಗುನಗ್ರೇ, ಮಾದೇವಕ್ಕ ಹನ್ನೊಂದು ನಿಮಿಷ ಸುಮ್ನಿದ್ರೆ ನಾ ನನ್ನ ಬುಟ್ಟಿ ಅವ್ಳಿಗೇ ಕೊಡ್ತೆ" ಎಂದಳು ಸುಗಂಧಾ. ಜನ ನಕ್ಕರು. ಮೀನು ಹೇಗೆ ಮಾರುವುದೆಂದು ಇನ್ನೊಬ್ಬಳು ಕೇಳಿದಳು. ಕೈಸನ್ನೆ ಮಾಡಲಿ ಎಂದ ಜಟ್ಟಪ್ಪ. ಮಾದೇವಿ ಏನೋ ಹೇಳಲು ಹೋಗಿ, ಬಾಯಿ ಮುಚ್ಚಿಕೊಂಡಳು.

ಗುಡಿಯಿಂದ ನೇರ ಸ್ಟುಡಿಯೋಗೆ ಹೊರಟರು; ಟೆಂಪೋದಲ್ಲಿ ಬಾಳೆಗುಳಿಯವರೆಗೂ ಇಬ್ಬರೂ ಮೂಕರು. ಸುದ್ದಿ ಹೊರಬಿದ್ದಾಗಿತ್ತು, ಮುಚ್ಚಿಡುವುದೇನೂ ಉಳಿದಿರಲಿಲ್ಲ. ಆದರೆ ಪೂರ್ಣಿಮಾಳ ಹೆದರಿಕೆ ಹಾಗೇ ಇತ್ತು. ಇಷ್ಟು ದಿನ ಅವ್ವನ ಮಾತಿನ ಸದ್ದಿನಲ್ಲಿ ಹೆದರಿಕೆ ಎಷ್ಟೋ ಮುಚ್ಚಿಹೋಗಿತ್ತು. ಈಗ ಆ ಸದ್ದೂ ಇಲ್ಲ.

ಸತೀಶ ದಪ್ಪ ಬಾಗಿಲು ಎಳೆದು ಮುಚ್ಚಿದ. ಕೂಗಿನ ಯೋಚನೆ ಬೇಡ, ಸುಮ್ಮನೆ ಒಂದು ಸ್ವರ ಬಿಡು ಎಂದ. ಮಾದೇವಿ ಮೂಲೆಯ ಸ್ಟೂಲಿನ ಮೇಲೆ ಕೂತಳು. ಪೂರ್ಣಿಮಾ ಕಣ್ಣು ಮುಚ್ಚಿದಳು.

ದನಿ ಬಂತು. ಮೊದಲಿನದಲ್ಲ, ಉಸುಕಿನ ಮೇಲೆ ದೋಣಿ ಎಳೆದಂತೆ ಒರಟು, ತಗ್ಗು. ಆದರೆ ಬಂತು. ಮೆಲ್ಲಗೆ ಒಂದೊಂದೇ ಸ್ವರ ಮೇಲೆ ಹತ್ತಿದಳು. ಕೂಗು ಶುರುವಾಗುವ ಜಾಗದ ಹತ್ತಿರ ಹೋದಾಗ ಒಳಗೆ ಸೂಜಿ ಚುಚ್ಚಿದ ಹಾಗಾಗಿ ದನಿ ನಿಂತುಹೋಯಿತು. ಅವಳೂ ಅಲ್ಲೇ ನಿಂತಳು. ಮುಂದೆ ದಾರಿ ಇಲ್ಲವೆಂದು ಗೊತ್ತಾಯಿತು.

"ಶ್ರುತಿ ಇಳ್ಸು ಸತೀಶ. ಕೂಗು ಇಲ್ಲ."

"ಮುಂಬೈಯವ್ರು ಅದ್ನೇ ಕೇಳ್ತ್ರು."

"ನನ್ಹತ್ರ ಇಲ್ಲ ಅಂತ ಹೇಳು. ಅದಿಲ್ದೆ ಬೇಕಾರೆ ತಗಳ್ಲಿ."

ಸತೀಶ ಕೀಬೋರ್ಡಿಗೆ ತಿರುಗಿದ. ಹಾಡು ಕೆಳಗಿನ ಶ್ರುತಿಯಲ್ಲಿ ಮೊದಲಾಯಿತು. ಕೂಗಿನ ಜಾಗದಲ್ಲಿ ಪೂರ್ಣಿಮಾ ತಗ್ಗಿನ ಒಂದು ಸ್ವರವನ್ನು ಹಿಡಿದು ಉಸಿರು ಮುಗಿಯುವವರೆಗೂ ಬಿಡಲಿಲ್ಲ. ಮುಗಿದಾಗ ಅವಳು ಮೂಲೆಯ ಕಡೆ ತಿರುಗಿದಳು.

"ಹೇಗಾಯ್ತೇ ಅವ್ವಾ?"

ಮಾದೇವಿ ಬಾಯಿ ತೆರೆದವಳು ಥಟ್ಟನೆ ಅಂಗೈ ಅಡ್ಡ ಇಟ್ಟುಕೊಂಡಳು. ಆಮೇಲೆ, ಮೀನಿಗೆ ಚೌಕಾಸಿ ಮಾಡುವಾಗಿನ ಅದೇ ಗತ್ತಿನಲ್ಲಿ, ಒಂದು ಬೆರಳು ಎತ್ತಿದಳು. ಇನ್ನೊಂದು ಸಲ.

ಪೂರ್ಣಿಮಾ ಬಿಸಿನೀರಿನ ಲೋಟ ಎತ್ತಿಕೊಂಡಳು. ಇನ್ನೊಂದು ಸಲ ಎನ್ನುವುದು ಸುಲಭ, ಇನ್ನೊಂದು ಸಲ ಅದು ಬರಬೇಕಲ್ಲ. ನೀರು ಕುಡಿದು, ಹೆಡ್‌ಫೋನು ಸರಿಮಾಡಿಕೊಂಡು, ಮೈಕಿನ ಹತ್ತಿರ ಹೋದಳು.