ಇಪ್ಪತ್ತೆರಡು ಹಾಡು

ಹೊರಕೋಣೆಯಲ್ಲಿ ಜಯಶೀಲನ ಹೆಣಕ್ಕೆ ಹೂ ಹೊದಿಸುತ್ತಿದ್ದಾಗ, ಲತೀಶ್ ಒಳಗೆ ಸ್ಟೂಲು ಹತ್ತಿ ಕಪಾಟಿನ ಮೇಲೆ ತಡಕಾಡುತ್ತಿದ್ದ.

"ಎಂತ ಹುಡುಕುವುದು, ಲತೀಶಣ್ಣ?" ಬಾಗಿಲಲ್ಲಿ ಜಯಶೀಲನ ಹೆಂಡತಿ ಮೋಹಿನಿ ನಿಂತಿದ್ದಳು.

ಲತೀಶ್ ಇಳಿದ. "ಹಾರ್ಡ್ ಡಿಸ್ಕ್, ಅತ್ತಿಗೆ. ನಮ್ಮ ಆಲ್ಬಮ್ಮಿನ ಒರಿಜಿನಲ್ ರೆಕಾರ್ಡಿಂಗ್. ಒಂದು ಕಂಪನಿಯವರು ಇಪ್ಪತ್ತೆರಡು ಹಾಡನ್ನೂ ಪೂರ್ತಿ ಹೊರಗೆ ತರ್ತಾರಂತೆ, ಲಾಸ್‌ಲೆಸ್‌ನಲ್ಲಿ, ಸದ್ದು ಚೂರೂ ಕಳೆಯದ ಹಾಗೆ. ನಾಳೆಯೇ ಮೀಟಿಂಗ್ ಉಂಟು."

"ಅವರನ್ನಿನ್ನೂ ಮನೆಯಿಂದ ಎತ್ತಿಲ್ಲ."

ಮಗಳು ದಿಶಾ ತಾಯಿಯ ತೋಳು ಹಿಡಿದಳು. "ಮಮ್ಮಿ, ಛೋಡೋ ನಾ. ಕೊಟ್ಟುಬಿಡು."

"ನೀನು ಸುಮ್ಮನಿರು."

*

ಜಯಶೀಲ ಮುಂಬಯಿ ಹತ್ತಿರದ ಕಳಂಬೋಲಿಯ ಕಬ್ಬಿಣದ ಮಾರ್ಕೆಟಿನಲ್ಲಿ ಗುಮಾಸ್ತ. ನಿನ್ನೆ ಅಲ್ಲೇ ಎದೆ ಹಿಡಿದು ಕುಸಿದಿದ್ದ. ಒಂದು ಕಾಲದಲ್ಲಿ ಭಾನುವಾರಗಳಂದು ಕಲ್ಯಾಣದ ಗೋದಾಮಿನಲ್ಲಿ ಡ್ರಮ್ಸ್ ಬಾರಿಸುತ್ತಿದ್ದ. ಹಾಡು, ಗಿಟಾರು ಲತೀಶನದು. ಮೂರು ವರ್ಷ ಕೂತು ಇಪ್ಪತ್ತೆರಡು ರಾಕ್ ಹಾಡು ಕಟ್ಟಿದ್ದರು; ಮುಂಬ್ರಾದ ಗುಡ್ಡದಲ್ಲಿ ಶುರುವಾಗಿ ಖಾಡಿಯ ಉಪ್ಪುನೀರಿನಲ್ಲಿ ಮುಗಿಯುವ, ಎರಡು ಸೀಡಿಯಷ್ಟು ಉದ್ದದ ಒಂದೇ ಕತೆ.

೨೦೦೯ರಲ್ಲಿ ಲತೀಶ್ ಎಂಟು ಹಾಡು ಆರಿಸಿ, ಜಯಶೀಲನ ಡ್ರಮ್ಸ್ ತೆಗೆದು, ಕಂಪ್ಯೂಟರಿನ ತಾಳ ಕೂರಿಸಿ, ಸದ್ದು ಕುಗ್ಗಿಸಿದ ಎಂಪಿತ್ರೀಯಲ್ಲಿ ಬಿಟ್ಟ. ಜಯಶೀಲನಿಗೆ ಅದು ಗೊತ್ತಾದದ್ದು ಥಾಣೆ ಲೋಕಲಿನಲ್ಲಿ, ಪಕ್ಕದವನ ಮೊಬೈಲಿನಿಂದ.

ಅವನು ಜಗಳವಾಡಲಿಲ್ಲ. ಆ ಸಂಜೆ ಮೋಹಿನಿಯ ಕಿವಿಗೆ ಹೆಡ್‌ಫೋನ್ ಇಟ್ಟ. "ಇದು ನಮ್ಮದು, ಏನೂ ಕಳೆಯದ್ದು. ಸಿಂಬಲಿನ ತಟ್ಟೆಗೆ ಹೊಡೆದ ಮೇಲೆ ಸದ್ದು ಹೇಗೆ ಆರ್ತದೆ, ಕೇಳು."

ಮೋಹಿನಿ ಕೇಳಿದಳು. ಆರಿದ ಸದ್ದಿನ ತುದಿಯಲ್ಲಿ ಗಂಡ ಉಸಿರು ಬಿಟ್ಟದ್ದೂ ಕೇಳಿಸಿತು.

ಆಮೇಲೆ ಐದು ವರ್ಷ ಅವನು ಡ್ರಮ್ಸಿನ ಕೋಲು ಮುಟ್ಟಲಿಲ್ಲ.

*

"ಹೆಗಲು ಕೊಡುವವರು ಬನ್ನಿ," ಜಯಶೀಲನ ಅಣ್ಣ ಪ್ರೇಮನಾಥ ಕೂಗಿದ. ಲತೀಶ್ ಹೊರಟ. ಮೋಹಿನಿ ಬಾಗಿಲಿಗೆ ಅಡ್ಡ ನಿಂತಳು.

"ನಿಮ್ಮ ಹೆಗಲು ಬೇಡ. ಕಿವಿ ಕೊಡಿ."

"ಅತ್ತಿಗೆ, ಅವನು ನನ್ನ ದೋಸ್ತ್..."

"ದೋಸ್ತ್? ಹಾಡಿನಿಂದ ಅವರ ಕೈ ಕಿತ್ತು ಹಾಕುವಾಗ ಒಂದು ಮಾತು ಕೇಳಿದ್ರಾ? ಒಮ್ಮೆಯಾದರೂ ಪೂರ್ತಿ ಕೇಳಿದ್ದೀರಾ? ಕೂತ್ಕೊಳ್ಳಿ. ಒಂದು ಗಂಟೆ ನಲವತ್ತು ನಿಮಿಷ. ಎದ್ದರೆ ಡಿಸ್ಕನ್ನು ಕಲ್ಲಲ್ಲಿ ಜಜ್ಜಿ ಹಾಕ್ತೇನೆ."

ಸೀರೆಗಳ ನಡುವಿನಿಂದ ಡಿಸ್ಕ್ ತೆಗೆದು ಕಂಪ್ಯೂಟರಿಗೆ ಸಿಕ್ಕಿಸಿದಳು. ಹೆಡ್‌ಫೋನನ್ನು ತಾನೇ ಅವನ ತಲೆಗೆ ಬಿಗಿದಳು.

ಕಿಟಕಿಯ ಕೆಳಗೆ ಚಟ್ಟ ಗಲ್ಲಿಯ ತಿರುವು ದಾಟುತ್ತಿತ್ತು. ಹೆಗಲು ಸಾಲದೆ ಹಿಂದಿನ ಮೂಲೆ ತಗ್ಗಿದಾಗ ಯಾರೋ ರಿಕ್ಷಾದವನು ಗಾಡಿ ಬಿಟ್ಟು ಓಡಿಬಂದು ಹೆಗಲು ಕೊಟ್ಟ. ಲತೀಶ್ ನೋಡುತ್ತ ಕೂತ. ಅವನಿಗೇ ತಿಳಿಯದೆ ಬಲಗಾಲು ಜಯಶೀಲನ ಡ್ರಮ್ಸಿಗೆ ನೆಲದ ಮೇಲೆ ತಾಳ ಹಾಕತೊಡಗಿತ್ತು.

ಮೋಹಿನಿ ತನ್ನ ಬರಿಗಾಲನ್ನು ಆ ಕಾಲಿನ ಮೇಲಿಟ್ಟು, ಭಾರ ಹಾಕಿ ಒತ್ತಿ ಹಿಡಿದಳು.