ಹಿಮ ಬಿದ್ದ ಮೇಲಿನ ಹತ್ತು ಸೆಕೆಂಡು

ಸೊನ್ನೆ, ಕಲ್ಲಿನ ದೊರೆಯ ತಲೆಯ ಮೇಲಿಂದ ಬೆಳ್ಳಗೆ ಎದ್ದು ಕರಗಿಹೋಯಿತು, ಅದರ ಬೆನ್ನಿಗೇ ಇನ್ನೊಂದು ಸೊನ್ನೆ, ತಾಗಿದ ಪೆಟ್ಟಿನ ಲೆಕ್ಕ ಅಷ್ಟೇ, ಕುಂಬಳಕಾಯಿ ಗಾತ್ರದ ಬೆಂಕಿಯುಂಡೆ ಎಸೆದರೂ ಇವನಿಗೆ ಸೊಳ್ಳೆ ಕಚ್ಚಿದಷ್ಟೂ ಇಲ್ಲವಲ್ಲ, ರಂಗಸ್ವಾಮಿ ಬೆವರಿದ ಹೆಬ್ಬೆರಳನ್ನು ಲುಂಗಿಗೆ ಒರೆಸಿಕೊಂಡು ಮತ್ತೆ ಮೊಬೈಲಿನ ಮೇಲೆ ಒತ್ತಿದ, ಗೊತ್ತು, ತಾಗುವುದಿಲ್ಲವೆಂದು ಆಟವೇ ಬಾಗಿಲಲ್ಲಿ ಬರೆದು ತೋರಿಸಿದೆ, ಬೆಂಕಿಗೆ ಪೂರ್ತಿ ತಡೆ, ವಿಷಕ್ಕೆ ಪೂರ್ತಿ ತಡೆ, ಮಿಂಚಿಗೆ ಮುಕ್ಕಾಲು ತಡೆ, ಹಿಮವೊಂದಕ್ಕೆ ತಡೆಯಿಲ್ಲ, ಆದರೆ ಹಿಮ ಇವನ ಜೊತೆ ಕಾರ್ಖಾನೆಯಲ್ಲಿದ್ದ ಸಾಗರನದು. ಆಟ ಶುರು ಮಾಡಿದ ದಿನವೇ ಹಂಚಿಕೊಂಡಿದ್ದರು, ನಾನ್ ಐಸ್ ತಕತೀನಿ ನೀನ್ ಬೆಂಕಿ ತಕಳ್ಲಾ, ಇಬ್ರೂ ಒಂದೇ ತಕಂಡ್ರೆ ಮುಂದುಕ್ಕೆ ಒದೆ ತಿಂತೀವಿ, ಸಾಗರ ಅಂದಂತೆಯೇ ಎರಡು ವರ್ಷ ನಡೆಯಿತು, ಮೊದಲು ಅವನ ಹಿಮ, ದೊರೆಯಂಥ ಬಾಸಿನ ಮೈ ಬಿರುಕು ಬಿಡುತ್ತದೆ, ಆಮೇಲೆ ಹತ್ತು ಸೆಕೆಂಡು, ಬರೀ ಹತ್ತು, ಅಷ್ಟರೊಳಗೆ ಬಿರುಕಿಗೆ ಇವನು ಬೆಂಕಿ ಇಳಿಸಬೇಕು, ಒಳಗಿನಿಂದ ಸುಟ್ಟರೆ ಯಾವ ತಡೆಯೂ ಇಲ್ಲ — ರಾಮಸಮುದ್ರದ ಇದೇ ಮಹಡಿ ರೂಮು, ಇದೇ ಚಾಪೆ, ಒಂದೇ ಪ್ಲಗ್ಗಿಗೆ ಎರಡು ಚಾರ್ಜರು, ಭಾನುವಾರ ಮಧ್ಯಾಹ್ನ ಅಂದರೆ ಅದೇ ಆಗಿತ್ತು. ಈಗ ಒಂದು ಚಾರ್ಜರು. ಕೆಳಗಿನಿಂದ ಮನೆ ಓನರು ಯಶೋದಮ್ಮ ಕೂಗುತ್ತಿದ್ದಾರೆ, ರಂಗಸ್ವಾಮಿ, ಸಾರು ಕೊಡ್ಲೇನಪ್ಪ, ಒಬ್ನೇ ಏನ್ ಬೇಯಿಸ್ಕತೀಯೆ, ಬ್ಯಾಡ ಕಣಕ್ಕ ಊಟಾಯ್ತು ಅಂದ, ಆಗಿಲ್ಲ, ಬೆಳಗಿನ ಅನ್ನ ಕುಕ್ಕರಿನಲ್ಲೇ ಇದೆ, ತಿನ್ನುವುದಕ್ಕೆ ಎದುರಿಗೆ ಯಾರಾದರೂ ಇದ್ದರೆ ಹಸಿವೂ ಆಗುತ್ತದೆ.

ಸತ್ತ, ಅಂದರೆ ಇವನ ಬೆಂಕಿಯವನು ಸತ್ತ, ಮತ್ತೆ ಬಾಗಿಲಿನ ಮುಂದೆ ಬಂದು ನಿಂತ, ಈ ಸಲ ವಿಷದ ಕತ್ತಿ ಕೊಟ್ಟು ನೋಡಿದ, ಸೊನ್ನೆ, ಮಿಂಚಿನ ಈಟಿ, ಹನ್ನೆರಡು, ಹದಿಮೂರು, ಹೀಗೆ ಕುಟ್ಟಿದರೆ ದೀಪಾವಳಿಗೆ ಸಾಯುತ್ತಾನೆ ದೊರೆ. ಒಬ್ಬೊಬ್ಬನಿಗೂ ಒಂದೊಂದು ತಾಗುವ ಜಾಗ ಇರುತ್ತದೆ, ಹುಡುಕಬೇಕು ಅಷ್ಟೆ, ರಂಗಸ್ವಾಮಿಯ ಹೊಟ್ಟೆಪಾಡೇ ಅದಲ್ಲವೆ, ಬದನಗುಪ್ಪೆಯ ಪೈಪು ಕಾರ್ಖಾನೆಯಲ್ಲಿ ಪೈಪಿಗೆ ನೀರು ತುಂಬಿ ಒತ್ತಡ ಏರಿಸುತ್ತಾ ಹೋಗುವುದು, ಎಲ್ಲಿ ಬೆವರುತ್ತದೆ ಅಂತ ಬೆರಳು ಸವರಿ ನೋಡುವುದು, ಮೀಟರು ಹೇಳುವ ಮೊದಲೇ ಇವನ ಬೆರಳು ಹೇಳುತ್ತದೆ, ಸೂಪರ್‌ವೈಸರು ಮೃತ್ಯುಂಜಯ ಎಲ್ಲರ ಮುಂದೆ ಅಂದಿದ್ದಾರೆ, ರಂಗಸ್ವಾಮಿ ಬೆರಳಿಟ್ಟ ಅಂದ್ರೆ ಅಲ್ಲಿ ಸೋರ್ತದೆ ಅಂತಲೇ ಲೆಕ್ಕ, ಹೊಗಳಿದ್ದು ಕೇಳಿ ಅವತ್ತು ಹಿಗ್ಗಿದ್ದ, ಸಾಗರ ಬೆನ್ನಿಗೆ ಗುದ್ದಿ ಟೀ ಕುಡಿಸ್ಲಾ ಅಂದಿದ್ದ, ಕಾರ್ಖಾನೆ ಗೇಟಿನ ಎದುರು ಸಣ್ಣಮ್ಮನ ಟೀ ಅಂಗಡಿ, ಗಾಜಿನ ಲೋಟ — ಅರ್ಧ ಕುಡಿದು ಬೆಂಚಿನ ಮೇಲಿಟ್ಟ ಲೋಟ, ಟೀ ಮೇಲೆ ಕೆನೆ ಕಟ್ಟುತ್ತಾ ಇತ್ತು, ಥೂ, ಮತ್ತೆ ಅದೇ, ಅದು ಬೇಡ, ಮಿಂಚು ಹೊಡಿ, ಹದಿಮೂರು, ಹನ್ನೆರಡು.

ಅವತ್ತು ಅದೇ ಬೆಂಚಿನ ಮೇಲೆ ಬಂದು ಕೂತವನು ಅಂದಿದ್ದ, ನಾನು ಭೀಮನಬೀಡಿನ ಪುಟ್ಟಮಲ್ಲಪ್ಪ ಅಂತ ಕಣ್ ಮಗ, ನಮ್ ಬೃಂದಾಗೆ ಬೇಗೂರಿನ ಶಿವರುದ್ರಸ್ವಾಮಿಯವ್ರ ಮಗ ಸಾಗರನ್ನ ನೋಡಿವ್ನಿ, ನೀನು ಜೊತೆಗೇ ಇರೋನಂತೆ, ಅದ್ಕೇ ಬಂದೆ, ಹಣೆ ತುಂಬ ವಿಭೂತಿ, ಇಸ್ತ್ರಿ ಹಾಕಿದ ಬಿಳಿ ಅಂಗಿ, ಹೆಣ್ಣಿನ ಅಪ್ಪ ಹೀಗೆ ಒಬ್ಬನೇ ಬಂದು ಹುಡುಗನ ಬಗ್ಗೆ ವಿಚಾರಿಸಿ ಹೋಗುವುದು ಈ ಕಡೆ ಎಲ್ಲರೂ ಮಾಡುವುದೇ, ಯಾರನ್ನು ಕೇಳಿದೆ ಅಂತ ಸಾಯುವವರೆಗೂ ಹೆಸರು ಬಾಯಿಬಿಡುವುದಿಲ್ಲ, ಅದು ಮರ್ಯಾದೆ. ಕುಡಿಯದು ಗಿಡಿಯದು ಏನಾರ ಇದ್ದದಾ ಮಗ, ಇಲ್ಲ ಯಜಮಾನ್ರೇ, ಬೀಡಿ ಸಿಗ್ರೇಟು, ಮುಟ್ಟದಿಲ್ಲ, ಇಸ್ಪೀಟು, ಅಯ್ಯೋ ಇಲ್ಲ ಬುಡಿ, ಕ್ವಾಪ, ಕ್ವಾಪ ಅವ್ನಿಗೆ ಬರೋದೇ ಇಲ್ಲ, ರಜ ಬಂದ್ರೆ ನನ್ ರೂಮಲ್ಲಿ ಬಿದ್ಕಂಡಿರ್ತಾನೆ, ಒಂದೊಂದು ಉತ್ತರಕ್ಕೂ ಆ ಮನುಷ್ಯ ಒಂದೊಂದು ಗುಟುಕು ಟೀ ಹೀರಿದ, ಮುಖ ಸಡಿಲವಾಗುತ್ತಾ ಬಂತು, ಸಾಕ್ ಬುಡಪ್ಪ, ಜೊತೆಗಾರನ ಬಾಯಲ್ಲೇ ಕೇಳಿದ್ನಲ್ಲ, ಇನ್ನೇನ್ ಬೇಕು ಅಂತ ಏಳುವುದಕ್ಕೆ ಹೊರಟವನು ಸುಮ್ಮನೆ, ಬಾಯಿಮಾತಿಗೆ, ಕೆಲ್ಸ ಪರ್ಮನೆಂಟೇ ತಾನೆ ಅಂದ. ಇಲ್ಲ ಯಜಮಾನ್ರೇ, ಕಾಂಟ್ರಾಕ್ಟು. ಅಷ್ಟೇ ಅಂದದ್ದು. ಸುಳ್ಳೇನಲ್ಲ, ಏಪ್ರಿಲ್ ತಿಂಗಳಲ್ಲಿ ಸಾಗರನದು ಕಾಂಟ್ರಾಕ್ಟೇ, ಕಾಯಂ ಮಾಡುವವರ ಪಟ್ಟಿಯಲ್ಲಿ ಅವನ ಹೆಸರು ನಾಲ್ಕನೆಯದು, ಆಫೀಸಿನ ಮೇಜಿನ ಮೇಲೆ ಇವನೇ ಕಣ್ಣಾರೆ ನೋಡಿ ಬಂದು ಎರಡು ದಿನ ಆಗಿತ್ತು, ಮುಂದಿನ ತಿಂಗಳು ಆರ್ಡರು, ಆ ಮಾತು ನಾಲಗೆಯ ತುದಿಯಲ್ಲೇ ಇತ್ತು, ಇತ್ತಲ್ಲ, ಒಂದು ಸಾಲು, ಮುಂದಿನ್ ತಿಂಗ್ಳು ಆಯ್ತದೆ ಯಜಮಾನ್ರೇ ಅಂದಿದ್ದರೆ ಏನು ಹೋಗುತ್ತಿತ್ತು, ಅನ್ನಲಿಲ್ಲ, ಪುಟ್ಟಮಲ್ಲಪ್ಪ ಹೂಂ ಅಂದು ಲೋಟವನ್ನು ಬೆಂಚಿನ ಮೇಲಿಟ್ಟ, ಸದ್ದೇ ಆಗದಂತೆ ಇಟ್ಟ, ಅರ್ಧ ಟೀ ಹಾಗೇ ಇತ್ತು, ಗಾಡಿ ಹತ್ತಿ ಹೋದ.

ನಿಜ ಹೇಳಿದೆ, ನಿಜ ಹೇಳುವುದು ತಪ್ಪೇ, ಐದು ತಿಂಗಳಿಂದ ಸ್ನಾನ ಮಾಡುವಾಗ, ಬಸ್ಸಿನಲ್ಲಿ, ಪೈಪಿನ ಮೇಲೆ ಬೆರಳಾಡಿಸುವಾಗ ಇದೊಂದನ್ನೇ ಹೇಳಿಕೊಂಡು ಬಂದಿದ್ದಾನೆ, ಅದಕ್ಕೆ ಯಾರೂ ಎದುರು ಹೇಳುವುದಿಲ್ಲ, ಹೇಳುವುದಕ್ಕೆ ರೂಮಿನಲ್ಲಿ ಯಾರಿದ್ದಾರೆ. ಅದಕ್ಕೂ ಮೊದಲು, ಹೆಣ್ಣು ನೋಡಿ ಬಂದ ದಿನ, ಸಾಗರ ಇದೇ ಗೋಡೆಗೆ ಒರಗಿಕೊಂಡು ಒಬ್ಬನೇ ನಗುತ್ತಿದ್ದ, ಕಾಫಿ ಕೊಡ್ವಾಗ ಕೈ ನಡುಗ್ತಿತ್ತು ಕಣ್ಲಾ, ಅವಳ್ದಲ್ಲ, ನಂದು, ಆಮೇಲೆ ತಲೆ ಕೆರೆದುಕೊಂಡು, ಮದ್ವೆ ಆದ್ಮೇಲೆ ಭಾನ್ವಾರ ಎಲ್ಲ ಕಷ್ಟ ಬುಡ್ಲಾ, ನೀನೂ ಒಂದ್ ನೋಡ್ಕ, ಅಂದಿದ್ದ, ರಂಗಸ್ವಾಮಿಯೂ ನಕ್ಕಿದ್ದ, ನಕ್ಕು ಮೊಬೈಲು ಚಾರ್ಜಿಗೆ ಹಾಕಿದ್ದ, ಅವತ್ತು ಅವನ ಎದೆಯೊಳಗೆ ಏನೋ ತಣ್ಣಗೆ ಇಳಿದದ್ದು ಅವನಿಗೇ ಗೊತ್ತು. ಸಂಬಂಧ ಮುರಿಯಿತು. ಮದುವೆ ದಲ್ಲಾಳಿ ಬಂದು, ವಿಚಾರಿಸಿದ್ರಂತೆ, ಪರ್ಮನೆಂಟ್ ಅಲ್ವಂತಲ್ಲ ಅಂದುಬಿಟ್ಟ, ಪರ್ಮನೆಂಟ್ ಅಂತ ಮೊದಲೇ ಹೇಳಿದ್ದ ಶಿವರುದ್ರಸ್ವಾಮಿಯವರಿಗೆ ಊರಲ್ಲಿ ಮುಖ ಎತ್ತಲಾಗದಂತಾಯಿತು, ಇದು ನಮ್ ದೊಡ್ಡಪ್ಪನ ಮನೆಯವ್ರೇ ಹಚ್ಚಿರದು ಅಂತ ಸಾಗರ ಹಲ್ಲು ಕಚ್ಚಿದ, ಅಣ್ಣತಮ್ಮಂದಿರ ಎರಡು ಮನೆ ಒಂದೇ ಜಗಲಿ, ಈಗ ಮಾತಿಲ್ಲ, ಆರ್ಡರು ಬರುವ ಮುಂಚೆಯೇ ಸಾಗರ ಕೆಲಸ ಬಿಟ್ಟು ಬೇಗೂರಿಗೆ ಹೋಗಿ ಮಾವನ ಹಾರ್ಡ್‌ವೇರ್ ಅಂಗಡಿಯಲ್ಲಿ ಕೂತ, ಫೋನು ಎತ್ತುತ್ತಿರಲಿಲ್ಲ, ಆಟಕ್ಕೂ ಬರಲಿಲ್ಲ. ಭಾನುವಾರ ಉಳಿಯಲಿ ಅಂತ ಮಾಡಿದ್ದು, ಭಾನುವಾರವೇ ಹೋಯಿತು. ಮಾಡಿದ್ದು, ಹೌದು, ಮಾಡಿದ್ದು, ನಿಜ ಹೇಳಿದ್ದಲ್ಲ, ಕುಡಿತ ಜೂಜು ಅಂತ ಸುಳ್ಳು ಹೇಳಿದ್ದರೆ ಆ ಮನುಷ್ಯ ನಂಬುತ್ತಿರಲಿಲ್ಲ, ಅದಕ್ಕೆಲ್ಲ ತಡೆ ಕಟ್ಟಿಕೊಂಡೇ ಬಂದಿದ್ದ, ಎಲ್ಲಿ ಸೋರುತ್ತದೆ ಅಂತ ಬೆರಳಿಗೆ ಗೊತ್ತಾಯಿತು, ಅಲ್ಲೇ ಒತ್ತಿದ.

ಪರದೆಯ ಮೂಲೆಯಲ್ಲಿ ಹಸಿರು ಚುಕ್ಕೆ, ಸಾಗರ್ ಆನ್‌ಲೈನ್, ಕಣ್ಣು ತಪ್ಪಿರಬೇಕು ಅಂದುಕೊಂಡ, ಇಲ್ಲ, ಇದೆ, ಕರೆಯಲೋ ಬೇಡವೋ, ಬೆರಳು ತಾನಾಗಿಯೇ ಕರೆದುಬಿಟ್ಟಿತು, ಎರಡು ಸುತ್ತು ತಿರುಗಿ ನೀಲಿ ಹೊದಿಕೆಯ ಹಿಮದವನು ಬಾಗಿಲ ಮುಂದೆ ಬಂದು ನಿಂತ, ಇಯರ್‌ಫೋನಿನಲ್ಲಿ ಉಸಿರು, ಆಮೇಲೆ ದನಿ, ಏನ್ಲಾ ರಂಗ, ಒಬ್ನೇ ಗುದ್ದಾಡ್ತಿದ್ದೀಯ, ಹೂಂ ಕಣ್ಲಾ ಅಂದ, ಸಾಗರನ ಹಿಂದೆ ಅಂಗಡಿಯಲ್ಲಿ ಯಾರೋ ಮೊಳೆ ಕೇಳುತ್ತಿದ್ದಾರೆ, ಹೈವೇ ಬಸ್ಸಿನ ಹಾರನ್ನು, ಐದು ತಿಂಗಳ ಮೇಲೆ ಇಷ್ಟು ಸದ್ದು ಕೇಳಿ ರೂಮು ತುಂಬಿಬಿಟ್ಟಂತಾಯಿತು, ಅಳು ಬರುವ ಹಾಗಿತ್ತು. ಇಬ್ಬರೂ ಒಳಗೆ ನುಗ್ಗಿದರು, ಸಾಗರ ಸುತ್ತು ಹಾಕುತ್ತಾ ಹಿಮದ ಬಾಣ ಬಿಡುತ್ತಾ ಅನ್ನುತ್ತಾನೆ, ಮಾತಾಡ್ದೇ ಇದ್ದುದ್ಕೆ ಬೇಜಾರ್ ಮಾಡ್ಕಬ್ಯಾಡ ಕಣ್ಲಾ, ನಾಚ್ಕೆ ಆಗ್ಬುಟ್ಟಿತ್ತು, ಬೃಂದಾಗೆ ಬ್ಯಾರೆ ಕಡೆ ಆಯ್ತು ಬುಡು, ನೆನ್ನೆ ಮದ್ವೆ ಕಾರ್ಡ್ ನೋಡ್ದೆ, ರಾತ್ರಿಯೆಲ್ಲ ಯೋಚ್ನೆ ಮಾಡ್ದೆ, ಅವಳಪ್ಪ, ಆ ಪುಣ್ಯಾತ್ಮ, ದೊಡ್ಡಪ್ಪನ ಮನೇರ್ನ ಕೇಳೋ ಬದ್ಲು ನಿನ್ನೊಬ್ನ ಕೇಳಿದ್ರೆ ಸಾಕಿತ್ತು, ಅಲ್ವೇನ್ಲಾ. ಹಿಮ ಬಿತ್ತು, ದೊರೆಯ ಎದೆಯಲ್ಲಿ ಅಡ್ಡಡ್ಡ ಬಿರುಕು, ಹೊಡಿಲಾ ರಂಗ, ಹತ್ತು, ಹೇಳಿಬಿಡಬೇಕು, ನನ್ನನ್ನೇ ಕೇಳಿದ್ದು ಕಣ್ಲಾ, ಒಂಬತ್ತು, ಹೇಳಿದರೆ ಹಸಿರು ಚುಕ್ಕೆ ಮತ್ತೆ ಬರುವುದಿಲ್ಲ, ಯಾವತ್ತೂ, ಎಂಟು, ಹೇಳದಿದ್ದರೆ ಆ ಜಗಲಿಯ ಮೇಲೆ ಎರಡು ಮನೆಯವರು ಮುಖ ತಿರುಗಿಸಿಕೊಂಡು ಓಡಾಡುತ್ತಾರೆ, ಇವನು ಪ್ರತಿ ಭಾನುವಾರ ಇಲ್ಲಿ ಬೆಂಕಿ ಎಸೆಯುತ್ತಾನೆ, ಆರು, ಕೇಳುಸ್ತಾ ಅದಾ, ಹೊಡಿಲಾ, ಯಾಕ್ಲಾ ನಿಂತ್ಕಂಡೆ, ಬೆರಳು ಗಾಜಿನ ಮೇಲೇ ಇದೆ, ಒತ್ತುತ್ತಿಲ್ಲ, ನಾಲ್ಕು, ಬಾಯಿ ತೆರೆದ, ಸಾಗರ, ಅಂದ, ಏನ್ಲಾ, ಎರಡು, ಸಾಗರ, ಕಣ್ಣ ಮುಂದೆ ಮತ್ತೆ ಬೆಂಚು, ಬೆಂಚಿನ ಮೇಲೆ ಲೋಟ, ಅರ್ಧ ಟೀ, ಮೇಲೆ ತೆಳ್ಳಗೆ ಕಟ್ಟುತ್ತಿರುವ ಕೆನೆ